ಅಕ್ಕ ಹೇಳಿದ ಮೂಕಿ ಸಿನಿಮಾ

ತುಪ್ಪದಲ್ಲಿ ಅಂಟು ಅರಳುವಾಗ ಚಟಪಟ ಸದ್ದು ಬರುತ್ತದೆ. ಅದಕ್ಕೂ ಮೊದಲು ಒಂದು ವಾಸನೆ ಬರುತ್ತದೆ. ನಮ್ಮ ಮನೆಯಲ್ಲಿ ಅದನ್ನು ಬಾಣಂತಿ ವಾಸನೆ ಎನ್ನುತ್ತಿದ್ದೆವು. ಹೋದ ಶನಿವಾರ ಬೆಳಿಗ್ಗೆ ಐರ್ಲೆಂಡಿನ ಅತ್ಲೋನ್‌ನ ನನ್ನ ಬಾಡಿಗೆ ಮನೆಯಲ್ಲಿ ಕಿಟಕಿಗಳನ್ನೆಲ್ಲ ತೆರೆದು, ಹೊಗೆಯ ಅಲಾರಂ ಕೂಗಿಕೊಳ್ಳದಿರಲಿ ಎಂದು ಅದಕ್ಕೆ ಸ್ನಾನದ ಪ್ಲಾಸ್ಟಿಕ್ ಟೋಪಿ ತೊಡಿಸಿ, ಅಂಟಿನುಂಡೆಗೆ ಅಂಟು ಹುರಿಯುತ್ತಿದ್ದೆ. ಡಬ್ಲಿನ್‌ನ ಗ್ರ್ಯಾಂಡ್ ಕೆನಾಲ್ ಡಾಕ್‌ನಲ್ಲಿರುವ ಮೈಸೂರಿನ ಜೋಡಿಗೆ ಹೆಣ್ಣುಮಗುವಾಗಿದೆ. ಬಾಣಂತಿಯ ತಾಯಿಗೆ ಇನ್ನೂ ವೀಸಾ ಬಂದಿಲ್ಲ. ಉಂಡೆ ಮಾಡಿಕೊಡುತ್ತೀರಾ ಎಂದು ಗಂಡ ಫೋನ್ ಮಾಡಿದ್ದ.

ಮೊದಲ ಹಿಡಿ ಅಂಟು ಉಬ್ಬಿ ಬೆಳ್ಳಗಾಗುತ್ತಿದ್ದಂತೆ ಅಕ್ಕ ಬೆನ್ನ ಹಿಂದೆಯೇ ನಿಂತು ಹೇಳಿದಂತಾಯಿತು. "ಲೋ, ಉರಿ ಸಣ್ಣ ಮಾಡೋ. ಮೇಲೆ ಅರಳುತ್ತೆ, ಒಳಗೆ ಕಲ್ಲಾಗೇ ಇರುತ್ತೆ."

ಉರಿ ಸಣ್ಣ ಮಾಡಿದೆ. ಹಿಂದೆ ಯಾರೂ ಇರಲಿಲ್ಲ...

ನಾನು ಓದಿದ್ದು ಏಳನೇ ಕ್ಲಾಸು. ಬರೆದು ಅಭ್ಯಾಸವಿಲ್ಲ. ಆದರೆ ಈ ವಿಷಯವನ್ನು ಬಾಯಲ್ಲಿ ಹೇಳಲು ಹೋದಾಗಲೆಲ್ಲ ಎದುರಿಗಿದ್ದವರನ್ನು ನಗಿಸಿಬಿಡುತ್ತೇನೆ, ನನ್ನ ತಪ್ಪು ಆ ನಗುವಿನಲ್ಲಿ ತಪ್ಪಿಸಿಕೊಂಡುಬಿಡುತ್ತದೆ. ಅದಕ್ಕೇ ಬರೆಯುತ್ತಿದ್ದೇನೆ.

ನಾವು ಬೆಂಗಳೂರಿನ ಶ್ರೀರಾಮಪುರದವರು. ಅಪ್ಪ ಬೇಗ ಹೋದ. ಅಮ್ಮ ಮನೆಮನೆಗೆ ಹೋಗಿ ಬಾಣಂತಿಯರಿಗೂ ಕೂಸುಗಳಿಗೂ ಎಣ್ಣೆ ತಿಕ್ಕಿ ನೀರು ಹಾಕುತ್ತಿದ್ದಳು. ಮನೆಗೆ ಬಂದು ಅವರಿಗೆ ಬೇಕಾದ ಮೆಣಸಿನ ಸಾರಿನ ಪುಡಿ ಕುಟ್ಟುತ್ತಿದ್ದಳು, ಉಂಡೆ ಕಟ್ಟುತ್ತಿದ್ದಳು. ಅಕ್ಕ ನನಗಿಂತ ಮೂರು ವರ್ಷಕ್ಕೆ ದೊಡ್ಡವಳು. ಅವಳು ಪುಸ್ತಕ ಹಿಡಿದಳು, ನಾನು ಸೌಟು ಹಿಡಿದೆ. ಅಮ್ಮನ ಕೈಯ ಕೆಲಸ ಪೂರಾ ಬಂದದ್ದು ನನಗೇ. ಸೊಂಟಕ್ಕೆ ಹಳೆ ಸೀರೆ ಎಷ್ಟು ಬಿಗಿಯಾಗಿ ಕಟ್ಟಬೇಕು ಎಂಬುದೂ ನನಗೆ ಗೊತ್ತಿತ್ತು. ಬೀದಿಯ ಹುಡುಗರೆದುರು ಅದನ್ನು ಮಾತ್ರ ಬಾಯಿ ಬಿಡುತ್ತಿರಲಿಲ್ಲ.

ಅಕ್ಕನಿಗೆ ಸಿನಿಮಾ ಹುಚ್ಚು. ನೋಡಿ ಬಂದದ್ದನ್ನು ನಲ್ಲಿಯ ಹತ್ತಿರ ಪಾತ್ರೆ ಉಜ್ಜುತ್ತಾ ವಠಾರಕ್ಕೆಲ್ಲ ಹೇಳುತ್ತಿದ್ದಳು. ಕೊಡದಲ್ಲಿ ನೀರು ತುಂಬಿ ಹರಿದರೂ ಯಾರೂ ನಲ್ಲಿ ನಿಲ್ಲಿಸುತ್ತಿರಲಿಲ್ಲ. ಒಂದೇ ತೊಂದರೆ ಎಂದರೆ ಅಕ್ಕನ ಬಾಯಲ್ಲಿ ಯಾರೂ ಸಾಯುತ್ತಿರಲಿಲ್ಲ. ಒಮ್ಮೆ ಎದುರುಮನೆಯಾಕೆ ಅವಳ ಮಾತು ನಂಬಿ ಮಕ್ಕಳನ್ನೆಲ್ಲ ಕರೆದುಕೊಂಡು ಹೋಗಿ, ಕಣ್ಣು ಕೆಂಪಗೆ ಮಾಡಿಕೊಂಡು ಬಂದು ನಿಂತಳು.

"ಏನೇ, ನೀನ್ ಹೇಳ್ದಾಗ ಚೆನ್ನಾಗೇ ಇದ್ಳು. ಥೇಟರ್‌ಗೆ ಹೋದ್ರೆ ಸತ್ತೇಹೋದ್ಳಲ್ಲೇ!"

"ನನ್ ಥೇಟರ್‌ನಲ್ಲಿ ಬದುಕಿದಾಳೆ ಕಣಕ್ಕ. ಇಲ್ಲೇ ನೋಡ್ಬಾರ್ದಿತ್ತಾ? ಟಿಕೆಟ್ಟೂ ಇಲ್ಲ" ಎಂದಳು ಅಕ್ಕ.

ಈ ಸುಳ್ಳು ಹೇಳುವ ಬುದ್ಧಿ ಅವಳದು ಎಂಬುದನ್ನು ನಾನು ಮರೆಯಬಾರದಿತ್ತು.

ಅಕ್ಕ ನರ್ಸಿಂಗ್ ಓದಿ ಐರ್ಲೆಂಡಿಗೆ ಬಂದಳು. ನೇಸ್‌ನಲ್ಲಿ ಕೆಲಸ ಸಿಕ್ಕಿತು, ಮದುವೆಯೂ ಆಯಿತು. ಎರಡು ವರ್ಷಕ್ಕೆ ಅತ್ಲೋನ್‌ನ ಹೋಟೆಲಿಗೆ ಅಡುಗೆಯವರು ಬೇಕೆಂದು ತಿಳಿದು ನನ್ನನ್ನೂ ಕರೆಸಿಕೊಂಡಳು. ಮರುವರ್ಷ ಅಮ್ಮ ತೀರಿಕೊಂಡಳು. ಅದರ ಮರುವರ್ಷ ಅಕ್ಕ ಬಸುರಿಯಾದಳು.

ಚೊಚ್ಚಲ ಬಾಣಂತನ ತವರಿನದು. ತವರು ಎಂದರೆ ಆಗ ನಾನೊಬ್ಬನೇ. "ನೀನೇ ಬರ್ಬೇಕು ಕಣೋ ತವರುಮನೆ" ಎಂದು ಅಕ್ಕ ಫೋನಿನಲ್ಲಿ ನಗುತ್ತಿದ್ದಳು. ನಾನೂ ಹೂಂ ಎಂದಿದ್ದೆ. ಮೂರು ವಾರ ರಜ ಕೇಳಿಕೊಂಡೆ. ಅಂಟು, ಒಣಶುಂಠಿ, ಮೆಣಸು, ಬೆಳ್ಳುಳ್ಳಿ, ಓಮ, ಹರಳೆಣ್ಣೆ, ಸೊಂಟಕ್ಕೆ ಕಟ್ಟಲು ಅಮ್ಮನ ಎರಡು ಹಳೆ ಸೀರೆ, ಎಲ್ಲವನ್ನೂ ಒಂದು ಬ್ಯಾಗಿಗೆ ತುಂಬಿದೆ. ಮಗು ಹುಟ್ಟಿ ಅಕ್ಕ ಮನೆಗೆ ಬಂದ ದಿನ ಸ್ಟೇಷನ್ನಿಗೆ ಹೊರಟೆ. ನ್ಯೂಬ್ರಿಡ್ಜ್‌ನಲ್ಲಿ ಇಳಿದು ಬಸ್ಸು ಹಿಡಿದರೆ ನೇಸ್.

ನನ್ನ ಜೊತೆ ಒಂದೇ ಮನೆಯಲ್ಲಿದ್ದ ಹೋಟೆಲಿನ ಇಬ್ಬರು ನಮ್ಮೂರ ಕಡೆಯವರೇ. ಬೀಳ್ಕೊಡುವ ನೆಪದಲ್ಲಿ ಪ್ಲಾಟ್‌ಫಾರ್ಮಿನವರೆಗೂ ಬಂದರು. ಬ್ಯಾಗಿನ ಜಿಪ್ಪು ಸರಿಯಾಗಿ ಮುಚ್ಚಿರಲಿಲ್ಲ, ಒಬ್ಬ ಸೀರೆಯ ಸೆರಗು ಹಿಡಿದು ಎಳೆದ.

"ಏನ್ ಗುರು, ಬಾಣಂತನಕ್ಕೆ ಉಟ್ಕೊಂಡೇ ಹೋಗ್ತೀಯಾ, ಇಲ್ಲ ಅಲ್ಲೋಗ್ ಉಟ್ಕೋತೀಯಾ?"

"ಗಂಡಸು ಮಾಡಿದ್ ಬಾಣಂತನ ಅಂತ ಪೇಪರ್‌ನಲ್ಲಿ ಬರುತ್ತೆ ಬಿಡು" ಎಂದ ಇನ್ನೊಬ್ಬ.

ಕೆಟ್ಟವರಲ್ಲ ಅವರು. ನಾನೇ ಇನ್ನೊಬ್ಬನಿಗೆ ಇದಕ್ಕಿಂತ ಜೋರಾಗಿ ಹೇಳುತ್ತಿದ್ದೆ. ಆದರೆ ನನಗೆ ಇಪ್ಪತ್ತನಾಲ್ಕು ವರ್ಷ. ಕಿವಿಯವರೆಗೂ ಬಿಸಿಯಾಯಿತು. ಅಕ್ಕನ ಬೆನ್ನಿಗೆ ಎಣ್ಣೆ ತಿಕ್ಕುತ್ತಿರುವ ನಾನು, ಅದನ್ನು ನೋಡಿ ಹೋಟೆಲಿನ ಅಡುಗೆಮನೆ ಪೂರಾ ನಗುತ್ತಿರುವುದು... ರೈಲು ಬಂತು. ಬಾಗಿಲು ನನ್ನ ಎದುರಿಗೇ ತೆರೆಯಿತು. ಕೈಯಲ್ಲಿ ಟಿಕೆಟ್ಟಿತ್ತು. ಬಾಗಿಲು ಮುಚ್ಚಿತು.

ಮುಕ್ಕಾಲು ಗಂಟೆ ಬೆಂಚಿನ ಮೇಲೆ ಕುಳಿತಿದ್ದು, ಆಮೇಲೆ ಫೋನ್ ಮಾಡಿ, "ಅಕ್ಕಾ, ರೈಲು ಕ್ಯಾನ್ಸಲ್ ಆಯ್ತಂತೆ" ಎಂದೆ.

"ಹೌದಾ? ಸರಿ ಬಿಡು, ನಾಳೆ ಬಾ. ಊಟ ಮಾಡ್ದ್ಯಾ?" ಎಂದಳು.

ಮರುದಿನ ಹೋಟೆಲಿನಲ್ಲಿ ಒಬ್ಬ ಕೈಕೊಟ್ಟ ಎಂದೆ. ಅದರ ಮರುದಿನ ಜ್ವರ ಎಂದೆ. ನಾಲ್ಕನೆಯ ದಿನ ಅವಳು ಕೇಳಲಿಲ್ಲ.

ಆ ದಿನಗಳಲ್ಲಿ ಬಾವನ ಕೆಲಸವೂ ಹೋಗಿತ್ತು ಎಂಬುದು ನನಗೆ ಆಮೇಲೆ ತಿಳಿಯಿತು. ಫೋನಿನಲ್ಲಿ ಅಕ್ಕ ಬರೀ ನಗುವ ಸಮಾಚಾರವನ್ನೇ ಹೇಳುತ್ತಿದ್ದಳು. ಬಾವ ಕೂಸಿನ ತಲೆಗೆ ಸಾಂಬ್ರಾಣಿ ಹಾಕಲು ಹೋಗಿ ಹೊಗೆಯ ಅಲಾರಂ ಹೊಡೆದುಕೊಂಡದ್ದು, ಪಕ್ಕದ ಮನೆಯ ಐರಿಷ್ ಅಜ್ಜಿ ಬೆಂಕಿ ಬಿತ್ತೆಂದು ಒದ್ದೆ ಚಾದರ ಹಿಡಿದು ನುಗ್ಗಿದ್ದು, ವಿಷಯ ತಿಳಿದು "ಯು ಆರ್ ಗ್ರ್ಯಾಂಡ್, ಲವ್" ಎಂದು, ಅಂದರೆ ಏನಾಗಿಲ್ಲ ಬಿಡಪ್ಪ ಎಂದು, ಚಾದರವನ್ನು ಬಾವನ ತಲೆಗೆ ಹೊದಿಸಿದ್ದು. ಆ ಅಜ್ಜಿ ಮರುದಿನದಿಂದ ಗಂಜಿಯಂಥ ಓಟ್ಸು ಮಾಡಿಕೊಂಡು ಬಂದು ಅಕ್ಕನ ಮುಂದೆ ಕುಳಿತು ತಿನ್ನಿಸುತ್ತಿದ್ದಳಂತೆ. ನಾನು ಹೊಟ್ಟೆ ಹಿಡಿದು ನಕ್ಕೆ. ಅಕ್ಕನೂ ನಕ್ಕಳು.

ಎರಡು ತಿಂಗಳಾದ ಮೇಲೆ ಹೋದೆ, ಒಂದು ಫ್ರಾಕು ಹಿಡಿದುಕೊಂಡು. ಅದು ಮಗುವಿನ ತೋಳಿಗೂ ಹಿಡಿಸಲಿಲ್ಲ. "ಗೊಂಬೆಗೆ ತಂದ್ಯೇನೋ?" ಎಂದು ಅಕ್ಕ ನಕ್ಕು ಎದ್ದಳು. ಏಳುವಾಗ ಸೊಂಟಕ್ಕೆ ಕೈ ಕೊಟ್ಟಳು. ಆ ನೋವು ಕೊನೆಯವರೆಗೂ ಹೋಗಲಿಲ್ಲ. ಬಾಣಂತನ ಸರಿಯಾಗದಿದ್ದರೆ ಸೊಂಟ ಹಿಡಿಯುತ್ತದೆ ಎಂದು ಅಮ್ಮ ಹೇಳುತ್ತಿದ್ದದ್ದು ನಿಜವೋ ಸುಳ್ಳೋ, ಡಾಕ್ಟರನ್ನು ಕೇಳುವ ಧೈರ್ಯ ನನಗೆ ಬರಲೇ ಇಲ್ಲ.

ಐದು ವರ್ಷ ಕಳೆಯಿತು. ಒಂದು ಭಾನುವಾರ ಮಧ್ಯಾಹ್ನ ಅಕ್ಕ ಮಗಳನ್ನು ಕರೆದುಕೊಂಡು ಅತ್ಲೋನ್‌ಗೆ ಬಂದಿದ್ದಳು. ಶಾನನ್ ನದಿಯ ದಡದಲ್ಲಿ ನಡೆಯುತ್ತಿದ್ದಾಗ ಮಳೆ ಜೋರಾಯಿತು, ಎದುರಿಗೆ ಕಂಡ ಹಾಲ್‌ನ ಬಾಗಿಲಿಗೆ ಓಡಿದೆವು. ಬಾಗಿಲಲ್ಲಿ ಒಂದು ಪೋಸ್ಟರು. ಜಪಾನಿನ ಹಳೆಯ ಮೂಕಿ ಸಿನಿಮಾ, ಜೊತೆಗೆ ಒಬ್ಬರು ಪಿಯಾನೋ ನುಡಿಸುತ್ತಾರಂತೆ.

"ಮಾತೇ ಇಲ್ಲದ ಸಿನಿಮಾನಾ? ಅದ್ರಲ್ಲಿ ಏನಕ್ಕಾ ಇರುತ್ತೆ?" ಎಂದೆ.

"ನೀನ್ ಮಾತಾಡಿ ಏನ್ ಉದ್ಧಾರ ಆಗಿದೀಯ? ನಡಿ ಒಳಗೆ" ಎಂದಳು.

ಒಳಗೆ ಮೂವತ್ತು ಜನರೂ ಇರಲಿಲ್ಲ. ಬೆಳ್ಳಿತೆರೆಯ ಮೇಲೆ ಒಂದು ಪುಟ್ಟ ಮನೆ, ಎಳೆಯ ಗಂಡ ಹೆಂಡತಿ. ನಡುನಡುವೆ ಜಪಾನೀ ಅಕ್ಷರ ಬರುತ್ತಿತ್ತು, ಕೆಳಗೆ ಇಂಗ್ಲಿಷು. ನನಗೆ ಎರಡೂ ಜಪಾನೀಯೇ. ಮಗು ಅಕ್ಕನ ತೊಡೆಯ ಮೇಲೆ ನಿದ್ದೆ ಹೋಯಿತು. ಅಕ್ಕ ನನ್ನ ಕಿವಿಯ ಹತ್ತಿರ ಬಾಗಿ, ಶ್ರೀರಾಮಪುರದ ನಲ್ಲಿಯ ಹತ್ತಿರ ಹೇಳುತ್ತಿದ್ದ ಅದೇ ದನಿಯಲ್ಲಿ ಹೇಳಲು ಶುರು ಮಾಡಿದಳು.

ಗಂಡ ಗುಮಾಸ್ತ. ಟೋಪಿ ಕೈಯಲ್ಲಿ ತಿರುಗಿಸುತ್ತಾ ಮನೆಗೆ ಬಂದ. "ಕೆಲ್ಸ ಹೋಯ್ತಂತೆ. ಹೇಳೋಕೆ ಬಾಯ್ ಬರ್ತಿಲ್ಲ, ಟೋಪೀಲಿ ಹೇಳ್ತಿದಾನೆ ನೋಡು." ಹೆಂಡತಿ ಬಸುರಿ, ಕಿಮೋನೋ ಹೊಲಿದು ಕೊಡುತ್ತಾಳೆ. ಗಂಡ ಅಕ್ಕಿ ತೊಳೆಯಲು ಹೋಗಿ ಅರ್ಧ ಅಕ್ಕಿಯನ್ನು ಮೋರಿಗೆ ಹರಿಸಿದ. ಅಕ್ಕ ಕಿಸಕ್ಕನೆ ನಕ್ಕಳು. "ನಿಮ್ ಬಾವನ್ ತಮ್ಮ ಕಣೋ ಇವ್ನು, ಕಳ್ದೋಗಿದ್ದ." ಹಿಂದೆ ಕುಳಿತಿದ್ದ ಮುದುಕರೊಬ್ಬರು ನಮ್ಮ ಭುಜ ತಟ್ಟಿದರು. ಬೈಯುತ್ತಾರೆ ಎಂದು ಅಕ್ಕ ಬಾಯಿ ಮುಚ್ಚಿಕೊಂಡಳು. ಅವರು, ಇಷ್ಟು ನಗು ಬರುವ ಭಾಷೆ ಯಾವುದು, ನಿಲ್ಲಿಸಬೇಡಿ, ಕೇಳಲು ಚೆನ್ನಾಗಿದೆ ಎಂದರಂತೆ. ಅಕ್ಕನಿಗೆ ಇನ್ನೇನು ಬೇಕು? ಆಮೇಲೆ ಪಿಸುಮಾತಿಲ್ಲ, ಸಣ್ಣ ದನಿಯಲ್ಲಿ ನೇರವಾಗಿಯೇ ಹೇಳಿದಳು. ಗಂಡನಿಗೆ ಒಂದು ದನಿ, ಹೆಂಡತಿಗೆ ಒಂದು, ಪಕ್ಕದ ಮನೆಯ ಗಯ್ಯಾಳಿಗೆ ಎದುರುಮನೆಯಾಕೆಯ ದನಿ.

ಮಗು ಹುಟ್ಟಿತು. ಹೆಂಡತಿಗೆ ದೂರದ ಊರಿನಲ್ಲಿ ಒಬ್ಬ ತಮ್ಮ, ಬರುತ್ತೇನೆ ಎಂದು ಮಾತು ಕೊಟ್ಟಿದ್ದಾನೆ. ಅವಳು ಅವನಿಗೊಂದು ಬಟ್ಟಲು ತೆಗೆದಿಟ್ಟಿದ್ದಾಳೆ. ತೆರೆಯ ಮೇಲೆ ಆ ತಮ್ಮ ಬಟ್ಟೆಗಂಟು ಹಿಡಿದು ಬೆಂಚಿನ ಮೇಲೆ ಕುಳಿತ. ನಾನು ನೆಲ ನೋಡತೊಡಗಿದೆ. ಕಣ್ಣಂಚಿನಲ್ಲಿ ರೈಲೊಂದು ಹೋದಂತಾಯಿತು.

"ರೈಲು ಹೋಯ್ತಲ್ಲಕ್ಕಾ?" ಎಂದೆ.

"ಅದು ಗೂಡ್ಸು ಕಣೋ." ಅಕ್ಷರ ಬಂತು, ಅಕ್ಕ ಓದಿದಳು. "ಅವನ್ ರೈಲು ಕ್ಯಾನ್ಸಲ್ ಆಯ್ತಂತೆ, ಪಾಪ."

ನನ್ನ ಎದೆಯ ಮೇಲಿದ್ದ ಕಲ್ಲೊಂದು ಇಳಿದಂತಾಯಿತು. ಜಪಾನಿನಲ್ಲೂ, ಅಷ್ಟು ಹಿಂದೆಯೂ, ಅಕ್ಕನ ಹೆರಿಗೆಗೆ ಹೊರಟ ತಮ್ಮಂದಿರ ರೈಲು ಕ್ಯಾನ್ಸಲ್ ಆಗುತ್ತದೆ! ಹಾಗಾದರೆ ನನ್ನದೂ ನಂಬುವಂಥ ಮಾತೇ.

ಕೊನೆಯಲ್ಲಿ ಆ ತಮ್ಮ ಬಂದ. ಆಗಲೇ ಮಗು ನಡೆಯುತ್ತಿತ್ತು, ಇವನನ್ನು ನೋಡಿ ಬಾಗಿಲ ಹಿಂದೆ ಅಡಗಿತು. ಅವನು ಹೊಸ್ತಿಲಲ್ಲೇ ನಿಂತ. ಅಕ್ಕನಾದವಳು ಅವನನ್ನು ನೋಡಿದಳು, ಒಳಗೆ ಹೋದಳು, ಅದೇ ಬಟ್ಟಲಿಗೆ ಅನ್ನ ಹಾಕಿ ತಂದು ಮುಂದಿಟ್ಟಳು.

"ಏನಂತಾಳೆ?" ಎಂದೆ.

ಅಕ್ಕ ತೆರೆ ನೋಡುತ್ತಲೇ ಹೇಳಿದಳು. "ಬಂದ್ಯಲ್ಲ, ಅಷ್ಟು ಸಾಕು, ಕೂತ್ಕೋ ಅಂತಾಳೆ."

ದೀಪ ಹತ್ತಿತು. ಪಿಯಾನೋದವರಿಗೂ, ಅಕ್ಕನಿಗೂ ಆ ಮುದುಕರು ಚಪ್ಪಾಳೆ ತಟ್ಟಿದರು. ಅಕ್ಕ ಎದ್ದು, ಸೊಂಟಕ್ಕೆ ಒಂದು ಕೈ ಕೊಟ್ಟು, ಇನ್ನೊಂದು ಕೈಯಲ್ಲಿ ಸಲಾಮು ಹೊಡೆದಳು. ಅವತ್ತು ನನ್ನ ಅಡುಗೆಮನೆಯಲ್ಲಿ ಅವಳು ಮೂರು ಸಲ ಅನ್ನ ಹಾಕಿಸಿಕೊಂಡು ಉಂಡದ್ದು, ಮಗಳು ನನ್ನ ಹೆಗಲೇರಿ ಕುಳಿತದ್ದು... ಅಷ್ಟು ಖುಷಿಯ ದಿನ ನನಗೆ ಈ ದೇಶದಲ್ಲಿ ಇನ್ನೊಂದು ನೆನಪಿಲ್ಲ. ಸತ್ಯ ಹೇಳಿಬಿಡಬೇಕು ಎಂದುಕೊಂಡೆ. ಆ ಖುಷಿಯನ್ನು ಯಾಕೆ ಕೆಡಿಸಬೇಕು ಎಂದು ಸುಮ್ಮನಾದೆ. ಆಮೇಲೆ ಹಾಗೇ ಸುಮ್ಮನಾಗುತ್ತಾ ವರ್ಷಗಳು ಹೋದವು.

ಅಕ್ಕನ ಮನೆಯಲ್ಲಿ ಆಗಾಗ ಒಂದು ಮಾತು ಬೀಳುತ್ತಿತ್ತು. ಮಗಳು ಹೋಮ್‌ವರ್ಕ್ ಮಾಡದಿದ್ದರೆ, ಬಾವ ಹಾಲು ತರಲು ಮರೆತರೆ, "ಯಾಕೆ, ರೈಲು ಕ್ಯಾನ್ಸಲ್ ಆಯ್ತಾ?" ಎಂದು ಅಕ್ಕ ಕೇಳುತ್ತಿದ್ದಳು. ಎಲ್ಲರೂ ನಗುತ್ತಿದ್ದರು. ಸಿನಿಮಾದ ಮಾತು ಎಂದುಕೊಂಡು ನಾನೂ ನಗುತ್ತಿದ್ದೆ.

ಮೂರು ವರ್ಷದ ಹಿಂದೆ ಅಕ್ಕ ಹೋದಳು. ಕಾಯಿಲೆ ಬಂದದ್ದು ತಡವಾಗಿ ತಿಳಿಯಿತು, ಹೋದದ್ದು ಬೇಗ. ಕೊನೆಯ ವಾರಗಳಲ್ಲಿ ನಾನು ಅಲ್ಲೇ ಇದ್ದೆ. ಮೆಣಸಿನ ಸಾರು ಮಾಡಿ ಸ್ಪೂನಿನಲ್ಲಿ ಕುಡಿಸುತ್ತಿದ್ದೆ. ಸೊಂಟಕ್ಕೆ ಎಣ್ಣೆ ತಿಕ್ಕಿದೆ. ಯಾರಾದರೂ ನೋಡುತ್ತಾರೆಂದು ಆಗ ಅನ್ನಿಸಲೇ ಇಲ್ಲ. ಆಗಲಾದರೂ ಹೇಳಬಹುದಿತ್ತು. ಹೇಳಲಿಲ್ಲ...

ಅಕ್ಕನ ಮಗಳು ಈಗ ಅತ್ಲೋನ್‌ನಲ್ಲೇ ಓದುತ್ತಿದ್ದಾಳೆ. ಭಾನುವಾರ ಊಟಕ್ಕೆ ನನ್ನ ಮನೆಗೆ ಬರುತ್ತಾಳೆ. ಕನ್ನಡ ಎಲ್ಲ ಅರ್ಥವಾಗುತ್ತದೆ, ಬಾಯಿಗೆ ಹೆಚ್ಚು ಬರುವುದು ಇಲ್ಲಿಯವರ ಇಂಗ್ಲಿಷು. ಹೋದ ಚಳಿಗಾಲದಲ್ಲಿ ಅದೇ ಹಾಲ್‌ನಲ್ಲಿ ಅದೇ ಸಿನಿಮಾ ಮತ್ತೆ ಹಾಕಿದರು. ನಿಮ್ಮಮ್ಮ ನನಗೆ ಹೇಳಿದ ಕಥೆ, ನೀನು ನಿದ್ದೆ ಮಾಡಿದ್ದೆ, ಬಾ ನೋಡೋಣ ಎಂದು ಕರೆದುಕೊಂಡು ಹೋದೆ. ಈ ಸಲ ಕಥೆ ಹೇಳುವವನು ನಾನು. ಟೋಪಿ ಬಂದಾಗ ಟೋಪಿಯ ಮಾತು, ಅಕ್ಕಿ ಚೆಲ್ಲಿದಾಗ ಅವಳ ಅಪ್ಪನ ಮಾತು, ಎಲ್ಲವನ್ನೂ ಅಕ್ಕನಂತೆಯೇ ಹೇಳಿದೆ. ಹುಡುಗಿ ನಕ್ಕು ಸುಸ್ತಾದಳು.

ತಮ್ಮ ಬೆಂಚಿನ ಮೇಲೆ ಕುಳಿತ. ಈ ಸಲ ನೆಲ ನೋಡಲಿಲ್ಲ. ರೈಲು ಬಂತು. ಅದು ಗೂಡ್ಸಾಗಿರಲಿಲ್ಲ. ಕಿಟಕಿ ಕಿಟಕಿಯಲ್ಲೂ ಮುಖಗಳಿದ್ದವು, ಒಂದು ಮಗು ಕೈ ಬೀಸುತ್ತಿತ್ತು. ರೈಲು ನಿಂತಿತು, ಹೊರಟಿತು. ತಮ್ಮ ಕುಳಿತೇ ಇದ್ದ.

"ರೈಲು ಕ್ಯಾನ್ಸಲ್ ಆಯ್ತಂತೆ" ಎಂದೆ, ಬಾಯಿಪಾಠದಂತೆ.

ಹುಡುಗಿ ತೆರೆಯ ಅಕ್ಷರ ನೋಡಿದಳು, ನನ್ನನ್ನು ನೋಡಿದಳು. "ನೋ, ಮಾಮ... ಹಾಗಿಲ್ಲ. ಅವನಿಗೆ ನಾಚಿಕೆ ಆಯ್ತು, ಹೋಗಲ್ಲ ಅಂತ. ಅಷ್ಟೇ ಇದೆ."

ಆಮೇಲೆ ನಾನು ಕಥೆ ಹೇಳಲಿಲ್ಲ. ಕೊನೆಗೆ ಆ ತಮ್ಮ ಹೊಸ್ತಿಲಲ್ಲಿ ನಿಂತ, ಅವನ ಮುಂದೆ ಬಟ್ಟಲು ಬಂತು. ಅಕ್ಷರಕ್ಕೆ ಕಾದೆ. ಬರಲಿಲ್ಲ.

"ಅಲ್ಲಿ ಅವಳು ಏನೋ ಅಂತಾಳಲ್ಲ?"

"ಏನೂ ಅನ್ನಲ್ಲ, ಮಾಮ. ಅಲ್ಲಿ ಏನೂ ಬರ್ದೇ ಇಲ್ಲ."

ಹೊರಗೆ ಬಂದು ಸೇತುವೆಯ ಮೇಲೆ ನಿಂತೆವು. "ಮಾಮ, ಆರ್ ಯು ಗ್ರ್ಯಾಂಡ್?" ಎಂದಳು. ಇಲ್ಲ ಎಂದೆ. ಪ್ಲಾಟ್‌ಫಾರ್ಮು, ಬ್ಯಾಗು, ಸೀರೆಯ ಸೆರಗು, ಎಲ್ಲವನ್ನೂ ಹೇಳಿದೆ. ಜೀವನದಲ್ಲಿ ಮೊದಲನೆಯ ಸಲ. ಅಳುತ್ತಾಳೆ ಅಥವಾ ಬೈಯುತ್ತಾಳೆ ಎಂದು ಕಾದರೆ, ತುಟಿ ಕಚ್ಚಿಕೊಂಡು ನಗು ತಡೆಯುತ್ತಿದ್ದಳು.

"ಮಾಮ, ಅದು ನಂಗೆ ಗೊತ್ತು. ಎಲ್ರಿಗೂ ಗೊತ್ತು. ಪಪ್ಪ ಸ್ಟೇಷನ್‌ನಲ್ಲೇ ಇದ್ರು! ನ್ಯೂಬ್ರಿಡ್ಜ್‌ನಲ್ಲಿ. ನಿಮ್ಮನ್ನ ಕರ್ಕೊಂಡ್ ಬರೋಕೆ, ಸರ್ಪ್ರೈಸ್ ಅಂತ. ಟ್ರೇನ್ ವಾಸ್ ಆನ್ ಟೈಮ್, ಲೈಕ್. ಎಲ್ರೂ ಇಳಿದ್ರು, ನೀವು ಮಾತ್ರ ಇಲ್ಲ."

ಬಾವನೂ ಒಮ್ಮೆಯೂ ಬಾಯಿ ಬಿಟ್ಟಿರಲಿಲ್ಲ. ಅಕ್ಕ ಆಣೆ ಹಾಕಿಸಿಕೊಂಡಿದ್ದಳಂತೆ. "ಅವ್ನೇ ಹೇಳ್ಲಿ. ಹೇಳೋವರ್ಗೂ ನಾವ್ ನಗ್ತಾ ಇರೋಣ" ಎಂದಿದ್ದಳಂತೆ.

ನನಗೂ ನಗು ಬಂತು. ಇಪ್ಪತ್ತು ವರ್ಷ ಒಂದು ಮನೆಯ ಜನವೆಲ್ಲ ನನ್ನ ಸುಳ್ಳನ್ನು ತಟ್ಟೆಯಲ್ಲಿಟ್ಟು ನನಗೇ ಬಡಿಸಿದ್ದಾರೆ, ನಾನು ಚೆನ್ನಾಗಿದೆ ಎಂದು ತಿಂದಿದ್ದೇನೆ. ಸೇತುವೆಯ ಕಂಬಿ ಹಿಡಿದು ಇಬ್ಬರೂ ನಕ್ಕೆವು. ನಗುವುದು ಮುಗಿದ ಮೇಲೆ ನನಗೆ ಆ ಬಟ್ಟಲು ನೆನಪಾಯಿತು. ಅಕ್ಷರವೇ ಇಲ್ಲದ ಜಾಗದಲ್ಲಿ ಅಕ್ಕ ಓದಿದ್ದಳಲ್ಲ, ಆ ಮಾತು ಯಾರದು, ಯಾರಿಗೆ ಎಂಬುದು ಅಷ್ಟು ವರ್ಷ ತಡವಾಗಿ ತಿಳಿಯಿತು. ಅವಳು ಅವತ್ತೇ ಮುಗಿಸಿದ್ದಳು. ನಾನು ಬಾಯಿಬಿಟ್ಟು ಒಂದು ಮಾತು ಹೇಳುವುದಷ್ಟೇ ಬಾಕಿ ಇತ್ತು. ಅವಳ ಜೀವ ಇರುವವರೆಗೆ ನಾನದನ್ನು ಹೇಳಲಿಲ್ಲ. ಬಾಣಂತನಕ್ಕೆ ಹೋಗದಿದ್ದದ್ದು ಒಂದು ತಪ್ಪು. ಇದು ಅದಕ್ಕಿಂತ ದೊಡ್ಡದು.

ಅಂದಿನಿಂದ, ಈ ದೇಶದಲ್ಲಿ ತವರು ದೂರವಾದ ಯಾವ ಹುಡುಗಿ ಕೇಳಿದರೂ ಉಂಡೆ ಕಟ್ಟುತ್ತೇನೆ, ಸಾರಿನ ಪುಡಿ ಕುಟ್ಟುತ್ತೇನೆ. ಕೊರಿಯರ್ ಮಾಡುವುದಿಲ್ಲ, ನಾನೇ ಹೋಗುತ್ತೇನೆ. ಹೋಟೆಲಿನ ಹುಡುಗರು ನನ್ನನ್ನು ಬಾಣಂತಿ ಮಾಮ ಎನ್ನುತ್ತಾರೆ. ಕರೆದರೆ ಓ ಎನ್ನುತ್ತೇನೆ.

ಶನಿವಾರ ಉಂಡೆಗಳು ಇನ್ನೂ ಬಿಸಿಯಿರುವಾಗಲೇ ಡಬ್ಬಿಗೆ ತುಂಬಿ ಡಬ್ಲಿನ್ ರೈಲು ಹತ್ತಿದೆ. ಅಕ್ಕನ ಮಗಳ ಮೆಸೇಜು ಬಂತು, ಪ್ರತಿ ಸಲದಂತೆ. "ರೈಲು ಕ್ಯಾನ್ಸಲ್ಲಾ, ಮಾಮ?" ತೊಡೆಯ ಮೇಲಿನ ಡಬ್ಬಿಯದೂ ಓಡುವ ಕಿಟಕಿಯದೂ ಫೋಟೋ ತೆಗೆದು ಕಳಿಸಿದೆ.

ರೈಲು ನ್ಯೂಬ್ರಿಡ್ಜ್‌ನಲ್ಲಿ ನಿಂತಿತು. ಆ ಪ್ಲಾಟ್‌ಫಾರ್ಮಿನಲ್ಲಿ ಬಾವ ಅವತ್ತು ಎಲ್ಲಿ ನಿಂತಿರಬಹುದು ಎಂದು ಪ್ರತಿ ಸಲ ನೋಡುತ್ತೇನೆ. ಬಾಗಿಲು ತೆರೆಯಿತು. ಕೆಲವರು ಇಳಿದರು. ಇಲ್ಲಿ ಇಳಿದು ಬಸ್ಸು ಹಿಡಿದರೆ ಈಗಲೂ ನೇಸ್ ಸಿಗುತ್ತದೆ, ಆ ಮನೆಯೂ ಸಿಗುತ್ತದೆ. "ಲೋ" ಎನ್ನುವವಳು ಸಿಗುವುದಿಲ್ಲ... ಬಾಗಿಲು ಮುಚ್ಚಿತು.

ಡಬ್ಬಿಯ ಮುಚ್ಚಳ ತೆಗೆದು ಒಂದು ಉಂಡೆ ಮುರಿದು ಬಾಯಿಗೆ ಹಾಕಿಕೊಂಡೆ. ಅಂಟು ಒಳಗೂ ಅರಳಿತ್ತು.